ಕ್ಯಾಪ್ಟನ್ನನ ತಾಯಿ ಅಳುವುದಿಲ್ಲ

ದೀಪದ ಬಿಸಿಗೆ ಎಡಗೆನ್ನೆ ಚುರುಗುಟ್ಟುತ್ತಿದೆ, ಮೇಕಪ್ಪಿನ ಹುಡುಗಿ ಸ್ಪಂಜು ಒತ್ತುತ್ತ ಅಲ್ಲಾಡಬೇಡಿ ಅಜ್ಜೀ ಎನ್ನುತ್ತಾಳೆ, ನಾನೆಲ್ಲಿ ಅಲ್ಲಾಡಿದೆ, ಅಲ್ಲಾಡ್ತಿರೋದು ನಿನ್ನ ಬಾಯಿ ಕಣೇ — ಎದುರಿಗೆ ಕೋರ್ಟು, ಹಲಗೆಗೆ ಬಣ್ಣ ಬಳಿದು ನಿಲ್ಲಿಸಿದ್ದು, ಹಿಂದಿನಿಂದ ನೋಡಿದರೆ ಬರೀ ಮೊಳೆ, ಮೇಜಿನ ಹಿಂದೆ ಸೇನೆಯ ದೊಡ್ಡ ಸಾಹೇಬರು, ನಡುವೆ ಕೂತ ಕರ್ನಲ್ ಹಲ್ಲುಸೆಟ್ಟು ತೆಗೆದು ಒರೆಸಿಕೊಳ್ಳುತ್ತಿದ್ದಾನೆ, ತೀರ್ಪು ಕೊಡುವವನೇ ಬೊಚ್ಚುಬಾಯಿ. ಆರೋಪಿ ಅಂದರೆ ಹೀರೋ, ಈ ಹಿಂದಿ ಸಿನಿಮಾದಲ್ಲಿ ಕ್ಯಾಪ್ಟನ್, ನನ್ನ ಮಗ. ಸೇನೆಯ ಕೋರ್ಟಿನಲ್ಲಿ ಆರೋಪಿಗೆ ಟೋಪಿ ಇಲ್ಲ, ಬೆಲ್ಟೂ ಇಲ್ಲ, ಬಿಚ್ಚಿಸಿಯೇ ನಿಲ್ಲಿಸುತ್ತಾರಂತೆ — ಪ್ಯಾಂಟು ಸಡಿಲ, ಅವನ ಎಡಗೈ ಆಗಾಗ ಸೊಂಟಕ್ಕೆ ಹೋಗುತ್ತದೆ, ಅಮ್ಮಾ ಜಾರಿದ್ರೆ ಹೇಳಿ, ಸಿನಿಮಾ ಕಾಮಿಡಿ ಆಗ್ಬಿಡುತ್ತೆ ಎಂದು ಕಣ್ಣು ಹೊಡೆಯುತ್ತಾನೆ, ತುಂಟ. ಡೈರೆಕ್ಟರು ಪಕ್ಕಕ್ಕೆ ಬಂದು ಕೂತ, ಕೈಯಲ್ಲಿ ಗ್ಲಿಸರಿನ್ ಸೀಸೆ, ಅಮ್ಮಾ ಕಣ್ಣೀರು ಬೇಕೇ ಬೇಕು, ಹಾಕ್ಕೊಳ್ಳಲ್ಲಪ್ಪ, ಯಾಕಮ್ಮ, ಆ ತಾಯಿ ಅಳಲ್ಲ, ಮಗನಿಗೆ ಶಿಕ್ಷೆ ಆಗೋ ಹೊತ್ತಲ್ಲೂ ಅಳಲ್ವಾ, ಆಗಂತೂ ಅಳೋದೇ ಇಲ್ಲ. ತಲೆ ಕೆರೆದುಕೊಂಡ, ಒಳ್ಳೆಯವನು, ಸರಿ ಒಂದು ಟೇಕು ನಿಮ್ಮಿಷ್ಟ, ಇದೂ ಆಗ್ಲಿಲ್ಲ ಅಂದ್ರೆ ಪಾತ್ರ ಅವರಿಗೆ ಕೊಡ್ತೀನಿ, ಬೇಜಾರು ಮಾಡ್ಕೋಬೇಡಿ — ಅವರು ಅಂದರೆ ಅಗೋ, ಬಾಗಿಲ ಬಳಿ ನನ್ನ ಸೀರೆಯಂಥದ್ದೇ ಸೀರೆ ಉಟ್ಟು ಕೂತಿದ್ದಾಳೆ, ಹೇಳಿದ ತಕ್ಷಣ ನಲ್ಲಿ ತಿರುಗಿಸಿದ ಹಾಗೆ ಅಳುತ್ತಾಳೆ, ಕೂತಿರು ತಾಯಿ, ಕಾಫಿ ಕುಡಿ, ಈ ಪಾತ್ರ ನನ್ನದು. ನಾಟಕ ಕಂಪನಿಯಲ್ಲಿ ನಾನೂ ಸೆರಗು ಹಿಂಡುವಷ್ಟು ಅತ್ತವಳೇ. ಅಕ್ಷರ ಕೂಡಿಸಿ ಓದುವುದು ಕಷ್ಟ, ಕಿವಿಗೆ ಬಿದ್ದದ್ದು ಮಾತ್ರ ಜನ್ಮಕ್ಕೆ ಅಂಟಿಕೊಳ್ಳುತ್ತದೆ, ಹಿಂದಿಯಾದರೇನು, ಸಾಬ್, ಯೇ ಮೇರಾ ಬೇಟಾ ಹೈ — ಇವನು ನನ್ನ ಮಗ, ಅಷ್ಟೇ ಮಾತು, ಅದಕ್ಕೆ ನೀರು ಬೆರೆಸುವುದೇಕೆ. ಒಂದು ಕಾಲಕ್ಕೆ ನನ್ನಣ್ಣ ಮಿಲ್ಲಿನ ಗೇಟು ಕಾಯುತ್ತಿದ್ದ, ನೂಲು ಕದ್ದೆ ಎಂದು ಎಲ್ಲರೆದುರು ಟೋಪಿ, ಬೆಲ್ಟು ಕಿತ್ತುಕೊಂಡು ಕಳಿಸಿದರು, ಬೀದಿಯುದ್ದಕ್ಕೂ ಪ್ಯಾಂಟು ಹಿಡಿದುಕೊಂಡೇ ಬಂದ, ನಾನು ಹೊಸ್ತಿಲಲ್ಲಿ ಕೂತಿದ್ದೇನೆ, ನನ್ನ ಕಣ್ಣಿನ ಮಟ್ಟಕ್ಕೆ ಅವನ ಸೊಂಟ, ಸೊಂಟದಲ್ಲಿ ಆ ಕೈ, ಗೆಣ್ಣೆಲ್ಲ ಬೆಳ್ಳಗಾಗಿದೆ, ಅವತ್ತಿನ ಅವನ ಮುಖ ನೆನಪಿಲ್ಲ, ಕೈ ನೆನಪಿದೆ. ಅತ್ತಿಗೆ ಬಾಯಿ ಬಡಿದುಕೊಂಡಳು, ಅಮ್ಮ ಗದರಿದಳು, ಸುಮ್ನಿರೇ, ನಾವು ಅತ್ರೆ ಅವರು ಹೇಳಿದ್ದು ನಿಜ ಅಂತಾಗುತ್ತೆ, ಆಮೇಲೆ ಅವನ ಕಡೆ ತಿರುಗಿ, ಕೈ ತೊಳ್ಕೊಂಡು ಬಾ ಮಗನೇ, ಊಟ ಆರ್ತಿದೆ — ಕೈ ಬಿಟ್ಟರೆ ತಾನೇ ತೊಳೆಯುವುದು.

ಸೈಲೆನ್ಸ್ ಎಂದು ಕೂಗಿದರು, ಫ್ಯಾನು ನಿಂತಿತು, ಹೊರಟೆ, ಮಂಡಿ ಇವತ್ತು ಹೇಳಿದ ಮಾತು ಕೇಳುತ್ತಿದೆ, ಕಟಕಟೆ ಹತ್ತುತ್ತೇನೆ, ಕರ್ನಲ್ಲನ ಬಾಯಿಗೆ ಹಲ್ಲು ಬಂದಿದೆ, ಕ್ಯಾಪ್ಟನ್ ಸೆಟೆದು ನಿಂತಿದ್ದಾನೆ, ಸಾಬ್ ಎಂದೆ, ಯೇ ಮೇರಾ ಬೇಟಾ ಹೈ, ಒಣಗಣ್ಣಿನಲ್ಲೇ, ದನಿ ಏರಿಸದೆ, ಊಟಕ್ಕೆ ಕರೆಯುವ ಹಾಗೆ — ಅವನ ಗಲ್ಲ ಅದುರಿತು, ಬೆಳಗಿನಿಂದ ಎಲ್ಲರನ್ನೂ ನಗಿಸುತ್ತಿದ್ದವನು ಅಳುತ್ತಿದ್ದಾನೆ, ಯಾರೂ ಹೇಳಿಕೊಟ್ಟದ್ದಲ್ಲ, ಡೈರೆಕ್ಟರು ಕಟ್ ಅನ್ನುತ್ತಿಲ್ಲ, ಬಾಗಿಲ ಬಳಿಯವಳು ಎದ್ದು ನಿಂತಿದ್ದಾಳೆ, ಕ್ಯಾಪ್ಟನ್ ಬಲಗೈಯಲ್ಲಿ ಕಣ್ಣೊರೆಸಿಕೊಳ್ಳುತ್ತಾನೆ, ಎಡಗೈ ಬಿಡಲಾರ, ಸೊಂಟದಲ್ಲೇ ಇದೆ, ಬಿಗಿಯಾಗಿ, ಗೆಣ್ಣು ಬೆಳ್ಳಗೆ, ಆ ಕೈ — ಆ ಕೈ