ಗಾಳಿಗೆ ತಿರುಗಿದ ಮುಳ್ಳು

ನಾನು ಒಂದು ನೀರಿನ ಮೀಟರು. ಹಿತ್ತಾಳೆಯ ಮೈ, ಗಾಜಿನ ಮುಖ, ಒಳಗೊಂದು ಪುಟ್ಟ ಚಕ್ರ, ಮೇಲೊಂದು ಮುಳ್ಳು. ಕಾರ್ಖಾನೆಯಲ್ಲಿ ನನ್ನನ್ನು ಜೋಡಿಸಿ ಸೀಸದ ಮುದ್ರೆ ಒತ್ತಿದವರು ಕಲಿಸಿದ್ದು ಒಂದೇ ಪಾಠ: ಕೊಳವೆಯಲ್ಲಿ ಏನಾದರೂ ತಳ್ಳಿದರೆ ತಿರುಗು. ತಳ್ಳಿದ್ದು ಏನು ಎಂದು ಕೇಳುವ ಬುದ್ಧಿಯನ್ನು ನನಗೆ ಕೊಡಲಿಲ್ಲ. ನನ್ನನ್ನು ಓದುವವರಿಗಾದರೂ ಅದು ಇರಬೇಕಿತ್ತು. ಇರಲಿಲ್ಲ. ನೆನೆದರೆ ಈಗಲೂ ಮೈ ಉರಿಯುತ್ತದೆ.

ನನ್ನನ್ನು ಕೂರಿಸಿದ್ದು ಗದಗ ಸೀಮೆಯ ಒಂದು ಕೈಗಾರಿಕಾ ವಸಾಹತಿನಲ್ಲಿ, ಅಂಬೂಬಾಯಿ ನೀಲಗಾರ ಅವರ ಶೆಡ್ಡಿನ ಗೋಡೆಗೆ. ಅಲ್ಲಿ ನೂಲಿಗೆ ಬಣ್ಣ ಹಾಕುತ್ತಿದ್ದರು. ನಾಲ್ಕು ಹಂಡೆ, ಆರು ಮಂದಿ ಹೆಣ್ಣಾಳು, ಎಲ್ಲರ ಕೈಯೂ ಮೊಣಕೈವರೆಗೆ ಕೆಂಪು. ದಿಬ್ಬದ ಮೇಲಿದ್ದ ಆ ಶೆಡ್ಡು ಕೊಳವೆ ಸಾಲಿನ ಕಟ್ಟಕಡೆಯದು. ನೀರು ಬರುತ್ತಿದ್ದುದು ವಾರಕ್ಕೊಮ್ಮೆ, ಗುರುವಾರ.

ನೀರು ಬಿಡುವ ಹುಸೇನಸಾಬ ಸೈಕಲ್ಲಿನಲ್ಲಿ ಬಂದು ಎಲ್ಲರಿಗಿಂತ ಮೊದಲು ನಮ್ಮ ನಲ್ಲಿಯನ್ನೇ ತೆರೆಯುತ್ತಿದ್ದ. ನಮ್ಮ ಮೇಲೆ ಅವನಿಗೆ ಅಭಿಮಾನ ಎಂದು ಅಂಬೂಬಾಯಿಗೆ ಹಿಗ್ಗು. ಚಹಾ ಕೊಡುತ್ತಿದ್ದರು, ಜೊತೆಗೆ ಬಿಸಿ ಮಿರ್ಚಿ ಭಜಿ. ಅವನು ತಲೆ ತಗ್ಗಿಸಿ ತಿನ್ನುತ್ತಿದ್ದ. ನಾನಂತೂ ಅಷ್ಟು ಹೊತ್ತೂ ಹುಚ್ಚು ಹಿಡಿದಂತೆ ತಿರುಗುತ್ತಿದ್ದೆ. ನೀರು ಬರುತ್ತಿದ್ದುದು ಅರ್ಧ ಗಂಟೆ ಕಳೆದ ಮೇಲೆ.

ವಾರವಿಡೀ ಖಾಲಿ ಬಿದ್ದ ಕೊಳವೆ ಸಾಲಿನಲ್ಲಿ ತುಂಬಿಕೊಳ್ಳುವ ಗಾಳಿಯನ್ನು ಹೊರಗೆ ಬಿಡುವ ವಾಲ್ವು ತುಕ್ಕು ಹಿಡಿದು ವರ್ಷಗಳೇ ಆಗಿದ್ದವು. ಗಾಳಿಗೆ ದಾರಿ ಸಿಗದಿದ್ದರೆ ಕೊಳವೆ ಒಡೆಯುತ್ತದೆ. ವಾಲ್ವನ್ನು ರಿಪೇರಿ ಮಾಡಿಸುವ ಬದಲು ನೀರಿನ ಕಚೇರಿಯ ಇಂಜಿನಿಯರು ಕೊನೆಯ ಶೆಡ್ಡಿನ ನಲ್ಲಿಯನ್ನು ಮೊದಲು ತೆರೆಯಲು ಹೇಳಿದ್ದ. ಇಡೀ ವಸಾಹತಿನ ಗಾಳಿ ನನ್ನ ಗಂಟಲಿನ ಮೂಲಕ ಹಾದುಹೋಗುತ್ತಿತ್ತು. ನೀರೆಂದು ಬಿಲ್ಲು ಅಂಬೂಬಾಯಿಗೆ ಬರುತ್ತಿತ್ತು.

ಒಂದು ಗುರುವಾರ ಕೊಳವೆಯ ಬಾಯಿಗೆ ಅಡ್ಡವಾಗಿ ಒಣಗಲು ಹಾಕಿದ್ದ ನೂಲಿನ ಲಡಿ ಪಟಪಟ ಹಾರಿತು. ಅಂಬೂಬಾಯಿ ಅಂಗೈ ಒಡ್ಡಿದರು. ಬರೀ ಗಾಳಿ. ನನ್ನತ್ತ ನೋಡಿದರು, ಮುಳ್ಳು ಓಡುತ್ತಿತ್ತು. ಅವತ್ತು ಭಜಿ ಕರಿಯಲಿಲ್ಲ. ಬಿಲ್ಲು ಹಿಡಿದು ನೀರಿನ ಕಚೇರಿಗೆ ಹೋಗಿ ಇಂಜಿನಿಯರನನ್ನೇ ಕರೆತಂದರು.

"ನೀರಿಗೆ ರೊಕ್ಕ ಕೊಡತೇನ್ರಿ ಸಾಹೇಬ್ರ. ಗಾಳಿಗೆ ಯಾಕ ಕೊಡಲಿ?"

"ಮೀಟರ್ ತಿರಗೇತಿ, ಬಿಲ್ ಬಂದೇತಿ. ತುಂಬ್ರಿ ಬಾಯಾರ," ಎಂದು ಅವನು ನನ್ನ ಗಾಜನ್ನು ಬೆರಳಿನಿಂದ ತಟ್ಟಿದ. ನನ್ನನ್ನೇ ಸಾಕ್ಷಿ ಮಾಡಿಕೊಂಡನಲ್ಲ, ನಾಚಿಕೆಗೆಟ್ಟವನು!

ಅಂಬೂಬಾಯಿ ದುಡ್ಡು ಕಟ್ಟಲಿಲ್ಲ, ಕೋರ್ಟಿಗೆ ಹೋದರು. ಕಚೇರಿಯವರು ವಿಳಂಬ ಶುಲ್ಕ ಹಾಕಿದರು, ಮರುತಿಂಗಳು ಆ ಶುಲ್ಕದ ಮೇಲೂ ಶುಲ್ಕ ಹಾಕಿದರು. ನನ್ನನ್ನು ಕಳಚಿ ತಮ್ಮದೇ ಪರೀಕ್ಷಾ ಕೋಣೆಗೆ ಒಯ್ದರು. ಅಲ್ಲಿ ಕೊಳವೆ ತುಂಬ ನೀರು, ಎಳ್ಳಷ್ಟೂ ಗಾಳಿಯಿಲ್ಲ. ಸರಿಯಾಗಿಯೇ ತಿರುಗಿದೆ. 'ಮೀಟರಿನಲ್ಲಿ ದೋಷವಿಲ್ಲ' ಎಂದು ಕಾಗದ ಬರೆದರು. ದೋಷ ನನ್ನಲ್ಲಿದೆ ಎಂದು ಹೇಳಿದ್ದಾದರೂ ಯಾರು? ಆ ಕಾಗದ ತೋರಿಸಿ ಸಂಪರ್ಕವನ್ನೇ ಕತ್ತರಿಸಿದರು. ಹಂಡೆಗಳು ತಣ್ಣಗಾದವು. ಅಂಬೂಬಾಯಿ ಟ್ಯಾಂಕರ್ ನೀರು ತರಿಸಿ ಎರಡು ಹಂಡೆಗಳ ಒಲೆ ಹೊತ್ತಿಸಿದರು. ಆದರೂ ಆರು ಮಂದಿಯಲ್ಲಿ ಮೂವರನ್ನು ಮನೆಗೆ ಕಳಿಸಬೇಕಾಯಿತು. ಅವತ್ತು ಅಂಬೂಬಾಯಿ ಅತ್ತರಂತೆ.

ಮೂರು ವರ್ಷ ವಾಯಿದೆಯ ಮೇಲೆ ವಾಯಿದೆ. ನಾನು ಕೋರ್ಟಿನ ಮೇಜಿನ ಮೇಲೆ ಚೀಟಿ ಕಟ್ಟಿಸಿಕೊಂಡು ಕೂತಿದ್ದೆ. ಕಡೆಗೊಂದು ದಿನ ಸಾಕ್ಷಿಕಟ್ಟೆಗೆ ಹುಸೇನಸಾಬ ಬಂದ. ಗುತ್ತಿಗೆಯ ಕೆಲಸದವನು, ಬಾಯಿ ಬಿಟ್ಟರೆ ಕೆಲಸ ಹೋಗುತ್ತದೆಂದು ಅವನಿಗೆ ಗೊತ್ತಿತ್ತು.

"ಗಾಳಿ ಬಿಟ್ಟಾಂವ ನಾನ ರೀ ಸಾಹೇಬ್ರ. ಬಿಡು ಅಂತ ಹೇಳಿದವರು ಅಲ್ಲೇ ಕುಂತಾರ ನೋಡ್ರಿ. ಈ ಬಾಯಾರ ಕೈಯಾಗ ಭಜಿ ತಿಂದೀನಿ, ಇನ್ನ ಸುಮ್ಮಕಿರಾಕ ಆಗೂದಿಲ್ಲ."

ಬಿಲ್ಲು ರದ್ದಾಯಿತು, ವಿಳಂಬ ಶುಲ್ಕವೂ ರದ್ದಾಯಿತು. ಹೊಸ ಮೀಟರು ಹಾಕಿ, ತಿಂಗಳೊಳಗೆ ಆ ವಾಲ್ವನ್ನು ಸರಿಪಡಿಸಿ ಎಂದು ಆದೇಶವಾಯಿತು. ಹುಸೇನಸಾಬನ ಕೆಲಸ ಹೋಯಿತು. ಅಂಬೂಬಾಯಿ ಅವನನ್ನು ಹಂಡೆ ಕದಡಲು ಇಟ್ಟುಕೊಂಡರು. ಮನೆಗೆ ಹೋಗಿದ್ದ ಮೂವರೂ ತಿರುಗಿ ಬಂದರು. ನನ್ನನ್ನು ಕೋರ್ಟಿನಿಂದ ಬಿಡಿಸಿ ತಂದು ಕಿಟಕಿಯ ಕಟ್ಟೆಯ ಮೇಲೆ, ಬಣ್ಣದ ಡಬ್ಬಿಗಳ ಪಕ್ಕ ಇಟ್ಟರು. ಇನ್ನು ನನಗೆ ಮುಪ್ಪಿನ ಕಾಲ, ಕೂತಿರೋಣ ಎಂದುಕೊಂಡೆ.

ಎರಡು ತಿಂಗಳು ಕಳೆದವು. ಈ ಗುರುವಾರ ನೀರು ಬಿಡುವ ಹೊಸಬನು ಬಂದು ಮೊದಲು ನಮ್ಮ ನಲ್ಲಿಯನ್ನೇ ತೆರೆದ. ಗೋಡೆಯ ಮೇಲಿನ ಹೊಸ ಮೀಟರು ಗಿರ್ರೆಂದಿತು. ಆ ಸದ್ದು ನನಗೆ ಗೊತ್ತು. ಹುಸೇನಸಾಬನಿಗೂ ಗೊತ್ತು. ಅವನ ಕೈಯಲ್ಲಿದ್ದ ಕೋಲು ಹಂಡೆಯಲ್ಲೇ ನಿಂತಿತು.

"ಬಾಯಾರ, ಮತ್ತ ಗಾಳಿ ಬಿಟ್ಟಾರ."

ಅಂಬೂಬಾಯಿ ಕೈ ತೊಳೆದರು, ಕೆಂಪು ಹೋಗಲಿಲ್ಲ. ಕಪಾಟಿನಿಂದ ಕೋರ್ಟಿನ ಹಳೆಯ ಫೈಲು ತೆಗೆದು ಚೀಲಕ್ಕೆ ಹಾಕಿದರು. ಬಾಗಿಲವರೆಗೆ ಹೋದವರು ತಿರುಗಿ ಬಂದು ನನ್ನನ್ನು ಎತ್ತಿಕೊಂಡು, ಗಾಜಿನ ಮೇಲಿನ ಧೂಳನ್ನು ಸೆರಗಿನಿಂದ ಒರೆಸಿದರು.

"ನಡಿ, ನೀನೂ ಬಾ," ಎಂದರು.