ಕಾವುಮರದ ಕುರ್ಚಿ

ಕಾವುಮರ ನೋಡಲು ಏನೂ ಚೆಂದವಿಲ್ಲ. ಗಂಟುಗಂಟು ಕಾಂಡ, ಬೂದಿಬಣ್ಣದ ಎಲೆ. ಹೂ ಬಿಟ್ಟರೂ ಯಾರ ಕಣ್ಣಿಗೂ ಬೀಳುವುದಿಲ್ಲ. ಆದರೆ ಅದರ ಗುಣವೇ ಬೇರೆ. ಮುಟ್ಟಿದವರ ಮೈಬಿಸಿಯನ್ನು ಅದು ಹಿಡಿದಿಟ್ಟುಕೊಳ್ಳುತ್ತದೆ. ಹಕ್ಕಿಗಳಿಗೆ ಇದು ಚೆನ್ನಾಗಿ ಗೊತ್ತು. ಪೊಟರೆಯಲ್ಲಿ ಒಂದಿಷ್ಟು ಹೊತ್ತು ಕೂತು, ಮೊಟ್ಟೆಗಳನ್ನು ಮರದ ಸುಪರ್ದಿಗೆ ಬಿಟ್ಟು ಊರು ಸುತ್ತಲು ಹೋಗುತ್ತವೆ. ಕಡಿದು ಒಣಗಿಸಿದ ಹಲಗೆಯಲ್ಲಂತೂ ಕಾವು ವರ್ಷಗಟ್ಟಲೆ ನಿಲ್ಲುತ್ತದೆ. ನಿಯತ್ತು ಮಾತ್ರ ಅದಕ್ಕಿಲ್ಲ. ಬೇರೆ ಯಾರಾದರೂ ಮುಟ್ಟಿದರೆ ಹಳಬರನ್ನು ಅಲ್ಲಿಗೇ ಬಿಟ್ಟು ಹೊಸಬರ ಬಿಸಿಯನ್ನು ಹಿಡಿದುಕೊಳ್ಳುತ್ತದೆ.

ಈ ಮರದಲ್ಲಿ ಕುರ್ಚಿ ಮಾಡುವುದೆಂದರೆ ಕುರ್ಚಿಯಮ್ಮನದು ಎತ್ತಿದ ಕೈ. ಅವಳ ಅಂಗಡಿ ಮನೆಯ ಕೆಳಗೇ, ರಸ್ತೆಗೆ ತೆರೆದುಕೊಂಡ ಉದ್ದನೆಯ ಕೋಣೆ. ಅಲ್ಲಿ ಉಳಿ ಹಿಡಿಯುವವರೆಲ್ಲ ದಪ್ಪ ಬಟ್ಟೆಯ ಕೈಗವಸು ಹಾಕಲೇಬೇಕು, ಇಲ್ಲದಿದ್ದರೆ ಗಿರಾಕಿಯ ಕುರ್ಚಿಗೆ ಬಡಗಿಯ ಬಿಸಿ ಅಂಟುತ್ತದೆ. ಮುಗಿದ ಕುರ್ಚಿಯಲ್ಲಿ ಯಾರ ಕಾವೂ ಉಳಿದಿಲ್ಲವೆಂದು ನೋಡುವುದು ಉಗುರಿನಿಂದ. ಉಗುರಿಗೆ ಬಿಸಿ ತಿಳಿಯುತ್ತದೆ, ಆದರೆ ಅದು ತನ್ನ ಬಿಸಿ ಕೊಡುವುದಿಲ್ಲ. ಬರಿಗೈ ತಾಗಿಸಿದವರು ಯಾರೇ ಇರಲಿ, ಕುರ್ಚಿಯಮ್ಮ ಚಳಿ ಬಿಡಿಸುತ್ತಿದ್ದಳು.

ಗಂಡ ದರ್ಜಿ, ಮಾತಿನ ಮಲ್ಲ. ಮಹಡಿಯ ಮನೆಯಲ್ಲಿ ಕಿಟಕಿಯ ಪಕ್ಕ ಅವನದೊಂದು ಕುರ್ಚಿ, ಮದುವೆಯಾದ ಹೊಸದರಲ್ಲಿ ಅವಳೇ ಮಾಡಿಕೊಟ್ಟದ್ದು. ಸಂಜೆ ಅದರಲ್ಲಿ ಕೂತು, ಕುರ್ಚಿಯ ಬಲಗೈಯನ್ನು ತಟ್ಟುತ್ತ, ಊರ ದೊಡ್ಡಮನುಷ್ಯರ ಸೊಂಟದಳತೆಯನ್ನೆಲ್ಲ ಹೇಳಿ ಅವಳನ್ನು ನಗಿಸುತ್ತಿದ್ದ. ಅವನು ಜ್ವರ ಬಂದು ತೀರಿಕೊಂಡು ಮೂರು ವರ್ಷ. ಅಂದಿನಿಂದ ಅವಳು ಆ ಕುರ್ಚಿಯಲ್ಲಿ ಯಾರನ್ನೂ ಕೂರಿಸಿಲ್ಲ. ಪಕ್ಕದ ಮನೆಯಾಕೆ ಒಮ್ಮೆ ಮರೆತು ಕೂರಲು ಹೋಗಿ, ಇವಳು ಕೂಗಿದ ಕೂಗಿಗೆ ಕೈಲಿದ್ದ ಲೋಟ ಬೀಳಿಸಿ ಹೊರಟವಳು ಮತ್ತೆ ಈ ಕಡೆ ತಲೆ ಹಾಕಲಿಲ್ಲ. ಉಳಿದವರೂ ಅಷ್ಟಕ್ಕಷ್ಟೇ ಆದರು. ಬೇರೆ ಕುರ್ಚಿ ಹಾಕಬಹುದಿತ್ತು. ಊರಿಗೆಲ್ಲ ಕುರ್ಚಿ ಮಾಡುವವಳಿಗೆ ಅದೇನು ಮಹಾ. ಹಾಕಲಿಲ್ಲ. ತಾನೂ ನೆಲದ ಮೇಲೇ ಕೂತು, ಆ ಕುರ್ಚಿಗೆ ಮುಖ ಮಾಡಿ ಊಟ ಮಾಡುತ್ತಿದ್ದಳು. ಇವತ್ತು ಯಾವ ಹಲಗೆ ಸೀಳಿತು, ಯಾವ ಗಿರಾಕಿ ತಲೆ ತಿಂದ ಎಂಬುದನ್ನೆಲ್ಲ ಅದಕ್ಕೇ ಹೇಳುತ್ತಿದ್ದಳು.

ಕಾವು ಇದೆಯೇ ಎಂದು ಬೆಳಿಗ್ಗೆ ಸಂಜೆ ಉಗುರಿಟ್ಟು ನೋಡುವುದು ರೂಢಿಯಾಯಿತು. ಮೊದಮೊದಲು ಎಲ್ಲ ಕಡೆಯೂ ಇತ್ತು. ಆಮೇಲೆ ಬೆನ್ನು ತಣ್ಣಗಾಯಿತು, ಕೂರುವ ಹಲಗೆ ತಣ್ಣಗಾಯಿತು. ಬಲಗೈಯಲ್ಲಿ ಮಾತ್ರ ಸಣ್ಣಗೆ ಉಳಿದ ಹಾಗಿತ್ತು. ವಯಸ್ಸಾಯಿತಲ್ಲ, ಉಗುರು ದಪ್ಪವಾಗಿದೆ, ಅದಕ್ಕೇ ಸರಿಯಾಗಿ ತಿಳಿಯುತ್ತಿಲ್ಲ ಎಂದುಕೊಂಡು ಒಂದು ದಿನ ಬೆರಳ ಗೆಣ್ಣು ತಾಗಿಸಿದಳು. ಗೆಣ್ಣಿಗೆ ತಿಳಿಯಿತು. ಮರುದಿನ ಇನ್ನೂ ಚೆನ್ನಾಗಿ ತಿಳಿಯಿತು. ಮುಂದೆ ಯಾವಾಗ ಅಂಗೈಯೇ ಅಲ್ಲಿಗೆ ಹೋಗಿ ಕೂತಿತೋ, ಅವಳ ಗಮನಕ್ಕೇ ಬರಲಿಲ್ಲ.

ಗಂಡನ ಅಕ್ಕ ದೂರದ ಊರಿನವಳು. ತಾಯಿಯಿಲ್ಲದ ತಮ್ಮನನ್ನು ಎತ್ತಿ ಆಡಿಸಿ ಬೆಳೆಸಿದವಳು. ಅವನು ತೀರಿಕೊಂಡಾಗ ಕಾಲು ಮುರಿದು ಹಾಸಿಗೆ ಹಿಡಿದಿದ್ದರಿಂದ ಮುಖ ನೋಡಲೂ ಬರಲಾಗಿರಲಿಲ್ಲ. "ಕುರ್ಚೀಲಿ ಇನ್ನೂ ಇದ್ದಾರೆ, ಒಂದು ಸಲ ಬಂದು ಮುಟ್ಟಿ ಹೋಗಿ" ಎಂದು ಕುರ್ಚಿಯಮ್ಮನೇ ಹೇಳಿ ಕಳಿಸಿದ್ದಳು. ಕಳಿಸಿದ ಮೇಲೆ ಸಂಕಟ ಶುರುವಾಯಿತು. ಉಳಿದಿರುವುದೇ ಒಂದು ಅಂಗೈಯಷ್ಟು ಜಾಗ. ಅತ್ತಿಗೆ ಮುಟ್ಟಿದರೆ ಅದೂ ಹೋಯಿತು. ಆದರೆ ಸಾಕಿದವಳಿಗೆ ಬೇಡ ಎನ್ನಲು ಬಾಯಾದರೂ ಹೇಗೆ ಬರಬೇಕು?

ಅತ್ತಿಗೆ ಒಂದು ಮಧ್ಯಾಹ್ನ ಕೋಲೂರಿಕೊಂಡು, ಏದುಸಿರು ಬಿಡುತ್ತ ಮಹಡಿ ಹತ್ತಿ ಬಂದಳು. ಚೀಲ ಇಳಿಸುವ ಮೊದಲೇ, "ಎಲ್ಲೇ ಅವನು?" ಎಂದಳು.

ಕುರ್ಚಿಯಮ್ಮ ತೋರಿಸಿದಳು. ಅತ್ತಿಗೆ ಕೈ ಚಾಚಿದಳು, ಮತ್ತೆ ಹಿಂದಕ್ಕೆಳೆದುಕೊಂಡಳು.

"ನಾನು ಮುಟ್ಟಿದ್ರೆ ನಿನಗೇನೂ ಉಳಿಯಲ್ಲ, ಅಲ್ವಾ?"

"ಪರವಾಗಿಲ್ಲ ಅತ್ತಿಗೆ. ಇಷ್ಟು ದಿನ ನನ್ನ ಹತ್ರಾನೇ ಇದ್ದರಲ್ಲ."

"ಅಲ್ವೇ, ಮೂರು ವರ್ಷ ಕಣ್ಣೆದುರಿಗೇ ಇಟ್ಕೊಂಡು ಒಂದು ಸಲಾನೂ ಮುಟ್ಟದೆ ಹೇಗಿದ್ದೆ? ನಾನಾಗಿದ್ರೆ ಮೊದಲನೇ ದಿನಾನೇ ತಬ್ಕೊಂಡು ಅತ್ತು ಎಲ್ಲ ಹಾಳು ಮಾಡ್ಕೊಂಡಿರ್ತಿದ್ದೆ."

ಮುಟ್ಟಿಲ್ಲ ಎನ್ನಲು ಕುರ್ಚಿಯಮ್ಮ ಬಾಯಿ ತೆರೆದಳು. ಅಂದು ಬೆಳಿಗ್ಗೆ ಕೂಡ ಕೆಳಗಿಳಿಯುವ ಮುಂಚೆ ತಾನು ಆ ಕುರ್ಚಿಯ ಕೈಯನ್ನು ಹಿಡಿದು ನಿಂತದ್ದು ನೆನಪಾಯಿತು. ಅಂಗೈಯಿಟ್ಟು, ಗಟ್ಟಿಯಾಗಿ. ನಿನ್ನೆಯೂ ಅಷ್ಟೇ, ಮೊನ್ನೆಯೂ ಅಷ್ಟೇ. ಬೇರೆ ಯಾರಾದರೂ ಅಂಗಡಿಗೆ ಬಂದು ಇಂಥ ಕತೆ ಹೇಳಿದ್ದರೆ ಅವಳು ಬಿದ್ದು ಬಿದ್ದು ನಗುತ್ತಿದ್ದಳು. ತನ್ನ ಬಿಸಿಯನ್ನು ತಾನೇ ಮರಕ್ಕೆ ಕೊಟ್ಟು, ಅದನ್ನು ಗಂಡನೆಂದು ಕಾದುಕೊಂಡು ಕೂತಿದ್ದಳು. ಅವನು ಯಾವತ್ತೋ ಹೋಗಿಯಾಗಿತ್ತು. ಯಾವ ದಿನ ಹೋದನೆಂಬುದೂ ತಿಳಿಯದು. ಆ ದಿನವೂ ಅವಳು ಎಂದಿನಂತೆ ಉಂಡು, ಎಂದಿನಂತೆ ಹರಟಿ ಮಲಗಿರಬೇಕು.

"ಯಾಕೆ ಸುಮ್ಮನಾದೆ?"

"ಏನಿಲ್ಲ ಅತ್ತಿಗೆ. ಹೇಗೋ ಇದ್ದೆ. ನೀವು ಮುಟ್ಟಿ."

ಅತ್ತಿಗೆ ಕಣ್ಣು ಮುಚ್ಚಿ ಅಂಗೈಯಿಟ್ಟಳು. ಆಮೇಲೆ ಮುಖವೆಲ್ಲ ಅರಳಿ, ಕಣ್ಣಲ್ಲಿ ಧಾರೆಧಾರೆ ನೀರು.

"ಅಯ್ಯೋ, ಹೌದು ಕಣೇ! ಅವನೇ. ಚಿಕ್ಕೋನಿದ್ದಾಗಲೂ ಹೀಗೇ ಬೆಚ್ಚಗಿರೋನು. ಪಕ್ಕದಲ್ಲಿ ಮಲಗಿಸಿಕೊಂಡ್ರೆ ಹೊದಿಕೆಯೇ ಬೇಡವಾಗಿತ್ತು."

ನಿಜ ಕುರ್ಚಿಯಮ್ಮನ ನಾಲಿಗೆ ತುದಿಗೇ ಬಂದಿತ್ತು. ಅತ್ತಿಗೆಯ ಮುಖ ನೋಡಿ ನುಂಗಿಕೊಂಡಳು. "ಹೂಂ, ಅವರೇ" ಎಂದಳು. ಅದನ್ನು ಹೇಳುವಾಗ ಈ ಮನೆಯಲ್ಲಿ, ಈ ಊರಿನಲ್ಲಿ ತನ್ನಷ್ಟು ಒಂಟಿಯಾದವರು ಇನ್ನೊಬ್ಬರಿಲ್ಲ ಅನಿಸಿತು.

"ಕಾಲು ಸೋತಿದೆ. ಇನ್ನು ಕೂತ್ಕೊಂಡ್ರೂ ನಡೆಯುತ್ತಲ್ವಾ?"

"ಕೂತ್ಕೊಳ್ಳಿ ಅತ್ತಿಗೆ."

ಅಡುಗೆಗಿಡುತ್ತೇನೆಂದು ಒಳಗೆ ಹೋಗಿ ಕುರ್ಚಿಯಮ್ಮ ಬಾಗಿಲು ಮುಂದೆ ಮಾಡಿಕೊಂಡಳು. ಸೆರಗನ್ನು ಬಾಯಿಗೆ ತುರುಕಿಕೊಂಡು, ಗಂಡ ಈಗಷ್ಟೇ ತೀರಿಕೊಂಡ ಹಾಗೆ ಅತ್ತಳು. ಹೊರಗೆ ಅತ್ತಿಗೆ ಕುರ್ಚಿಯ ಕೈಯನ್ನು ಸವರುತ್ತ ಮೆಲ್ಲಗೆ ಹೇಳುತ್ತಿದ್ದಳು:

"ನಿನ್ನ ಹೆಂಡ್ತಿ ಗಟ್ಟಿಗಿತ್ತಿ ಕಣೋ. ನನಗೋಸ್ಕರ ನಿನ್ನನ್ನ ಒಂದು ಸಲಾನೂ ಮುಟ್ಟದೆ ಇಟ್ಟಿದ್ದಳು."