ಇಳಿಸಿದ ತೂಕ

ಕಾದ ಲಾಳವನ್ನು ಕುದುರೆಯ ಗೊರಸಿಗೆ ಒತ್ತಿದಾಗ ಏಳುವ ಹೊಗೆಗೆ ಒಂದು ವಾಸನೆಯಿದೆ. ಸುಟ್ಟ ಕೂದಲಿನಂತೆ, ಸುಟ್ಟ ಉಗುರಿನಂತೆ. ಹೊಸಬರು ಮೂಗು ಮುಚ್ಚಿಕೊಳ್ಳುತ್ತಾರೆ. ಜಾಕಿಯ ಹೆಂಡತಿಗೆ ಮಾತ್ರ ಅದು ಅಪ್ಪನ ವಾಸನೆ. ಅವಳ ಅಪ್ಪ ರೇಸ್ ಕುದುರೆಗಳಿಗೆ ಲಾಳ ಕಟ್ಟುತ್ತಿದ್ದವರು. ಸಂಜೆ ಮನೆಗೆ ಬಂದು, ಚರ್ಮದ ಮುಂಬಟ್ಟೆ ಬಿಚ್ಚಿ ಬಾಗಿಲ ಹಿಂದಿನ ಮೊಳೆಗೆ ತಗುಲಿಹಾಕಿದರೆ ಆ ವಾಸನೆ ಮನೆಯೆಲ್ಲ ಹಬ್ಬುತ್ತಿತ್ತು. ಇನ್ನು ಹೆದರಿಕೆಯಿಲ್ಲ ಎಂದು ಅವಳು ಪುಸ್ತಕ ತೆಗೆದು ಕೂರುತ್ತಿದ್ದಳು.

ರಜೆಯ ದಿನ ಅಪ್ಪ ಅವಳನ್ನು ರೇಸ್ ಕೋರ್ಸಿಗೆ ಕರೆದುಕೊಂಡು ಹೋಗಿ ಮಣ್ಣಿನ ಮೇಲಿನ ಗೊರಸಿನ ಗುರುತುಗಳನ್ನು ಓದಿಸುತ್ತಿದ್ದರು. "ನೋಡು ಪುಟ್ಟಿ, ಇದಕ್ಕೆ ಎಡಗಾಲು ನೋಯ್ತಿದೆ. ಇದರ ಮೇಲಿದ್ದೋನು ಹಗುರ. ಇದರ ಮೇಲೆ ಕೂತಿದ್ದೋನು ನಿನ್ನೆ ಊಟ ಚೆನ್ನಾಗಿ ಬಾರಿಸಿದಾನೆ. ಮನುಷ್ಯ ಸುಳ್ಳು ಹೇಳ್ಬಹುದು, ಮಣ್ಣು ಹೇಳಲ್ಲ."

ಹಾಗಾಗಿ ಅವಳು ಜಾಕಿಯನ್ನು ಮೆಚ್ಚಿ ಮದುವೆಯಾದಾಗ ಯಾರೂ ಹುಬ್ಬೇರಿಸಲಿಲ್ಲ. ಆಗ ಅವನು ಬೆಳಗಿನ ಹೊತ್ತು ಕುದುರೆಗಳನ್ನು ಓಡಿಸಿ ಪಳಗಿಸುತ್ತಿದ್ದ ಸಾಮಾನ್ಯ ಸವಾರ. ಗಾಳಿ ಬೀಸಿದರೆ ಹಾರಿಹೋಗುವಂಥ ಮೈ. ಅಪ್ಪ ಒಂದೇ ಮಾತು ಹೇಳಿದ್ದರು: "ಒಳ್ಳೇವನಮ್ಮ. ಆದ್ರೆ ಅವನ ಮೂಳೆ ನೋಡು, ಭುಜ ನೋಡು. ದೊಡ್ಡಾಳಾಗ್ಲಿ ಅಂತ ಮಾಡಿರೋ ಮೈ ಅದು. ಇವನು ಒಪ್ತಿಲ್ಲ ಅಷ್ಟೆ."

ಅವನು ಒಪ್ಪಲೇ ಇಲ್ಲ. ಮೊದಮೊದಲು ಚಿಲ್ಲರೆ ಓಟಗಳು, ಆಮೇಲೆ ಹೆಸರಾಂತ ಜಾತಿಕುದುರೆಗಳು, ದೊಡ್ಡ ದೊಡ್ಡ ಮಾಲೀಕರು. ಋತುವಿನಲ್ಲಿ ಎಲ್ಲರಿಗಿಂತ ಹೆಚ್ಚು ಗೆದ್ದ ಜಾಕಿಗೆ ಕೊಡುವ ಚಾಂಪಿಯನ್ ಪಟ್ಟ ಒಮ್ಮೆ ಮನೆಗೆ ಬಂದದ್ದು ಮತ್ತೆ ಹೊಸ್ತಿಲು ದಾಟಿ ಹೊರಗೆ ಹೋಗಲಿಲ್ಲ. ಊರೆಲ್ಲ ಅವನನ್ನು ಚಾಂಪಿಯನ್ ಎನ್ನುತ್ತಿತ್ತು. ಅವಳೊಬ್ಬಳು ಗುಬ್ಬಿ ಎನ್ನುತ್ತಿದ್ದಳು.

ಆ ಪಟ್ಟದ ಖರ್ಚೆಲ್ಲ ಹೊಟ್ಟೆಯಿಂದ. ಬೆಳಿಗ್ಗೆ ಸಕ್ಕರೆಯಿಲ್ಲದ ಅರ್ಧ ಲೋಟ ಚಹಾ, ಸಂಜೆ ಮೊಟ್ಟೆಯ ಬಿಳಿಭಾಗ. ಉಳಿದ ಹೊತ್ತು ಹೊಟ್ಟೆಗೆ ತಣ್ಣೀರುಬಟ್ಟೆ, ಆ ತಣ್ಣೀರೂ ಗುಟುಕು ಗುಟುಕಾಗಿ. ಓಟ ಹತ್ತಿರ ಬಂದರೆ ಅಡುಗೆಮನೆಯ ಪಕ್ಕದ ಬಚ್ಚಲಲ್ಲಿ ಬಿಸಿನೀರು ಬಿಟ್ಟು, ಹಬೆ ತುಂಬಿಸಿ, ರಬ್ಬರ್ ಕೋಟು ತೊಟ್ಟು ಕೂರುತ್ತಿದ್ದ. ಮೈಯಲ್ಲಿರುವುದೆಲ್ಲ ಬೆವರಾಗಿ ಹೋಗಬೇಕು. ಜಾಕಿಗಳು ಅದಕ್ಕೆ 'ಇಳಿಸೋದು' ಎನ್ನುತ್ತಾರೆ. ಕೆನ್ನೆ ಗುಳಿಬಿದ್ದು ಹೊರಬಂದವನು ಆಗಲೂ ನಗುತ್ತಿದ್ದ.

"ಇವತ್ತು ಒಂದು ಕೋಳಿಯಷ್ಟು ಇಳಿಸ್ದೆ ಕಣೇ!"

"ನಾಳೆ ಒಂದು ಕುರಿಯಷ್ಟು ಇಳಿಸು, ಮಾಂಸದಂಗಡಿ ಇಟ್ಟುಬಿಡೋಣ," ಎಂದು ಅವಳು ನೆಲದ ಬೆವರು ಒರೆಸಿ ಮೋರಿಗೆ ಹಿಂಡುತ್ತಿದ್ದಳು.

ಆದರೆ ಅವಳು ಒಬ್ಬಳೇ ಕೂತು ಉಣ್ಣಲು ಅವನು ಎಂದೂ ಬಿಡಲಿಲ್ಲ. ಎದುರಿನ ಬೆತ್ತದ ಕುರ್ಚಿಯಲ್ಲಿ ಬರಿಗೈಲಿ ಕೂತು, ಅವಳ ತಟ್ಟೆಯ ಕಡೆ ನೋಡದೆ ಗೋಡೆ ನೋಡುತ್ತ, ಲಾಯದ ಸುದ್ದಿ ಹೇಳಿ ನಗಿಸುತ್ತಿದ್ದ. ಹಸಿದವನು ಉಣ್ಣುವವರನ್ನು ನಗಿಸುವುದು ಸಣ್ಣ ಮಾತಲ್ಲ.

ಆ ಕುರ್ಚಿಯೇ ಮೊದಲು ಬಾಯಿಬಿಟ್ಟದ್ದು. ಓಟ ಮುಗಿದ ಸಂಜೆಗಳಲ್ಲಿ ಅವನು ಕೂತರೆ ಬೆತ್ತ ಕಿರುಗುಟ್ಟಿ ಜೋತುಬೀಳುತ್ತಿತ್ತು. ಹೊಸದಾಗಿ ಹೆಣೆಸಿದಳು. ಅದೂ ಜೋತುಬಿತ್ತು. "ಮನೇಲಿ ಯಾರಮ್ಮ ಪೈಲ್ವಾನ್ರು?" ಎಂದು ಹೆಣೆಯುವವನು ಕೇಳಿದಾಗ ಅವಳು ನಕ್ಕಳು. ಆದರೆ ಆ ಸಂಜೆಗಳಲ್ಲಿ ಹಾಸಿಗೆಯೂ ಅವನ ಕಡೆಗೆ ತಗ್ಗಾಗಿ, ಅವಳು ಇಳಿಜಾರಿನಲ್ಲಿ ಮಲಗಿದಂತೆ ಅವನತ್ತ ಜಾರಿಕೊಳ್ಳುತ್ತಿದ್ದಳು. ಮುಟ್ಟಿದರೆ ಸಿಗುವುದು ಅದೇ ಹಕ್ಕಿಯ ಪಕ್ಕೆಲುಬು. ಇಷ್ಟು ಹಗುರ ಮೈಗೆ ಅಷ್ಟು ತಗ್ಗು ಹೇಗೆ? ಅವಳು ಕೇಳಲಿಲ್ಲ. ಕೆಲವು ಪ್ರಶ್ನೆಗಳನ್ನು ಕೇಳದಿದ್ದರೆ ಅವು ತಾವಾಗಿಯೇ ಹೋಗುತ್ತವೆ ಎಂದು ಮನುಷ್ಯ ನಂಬುತ್ತಾನೆ.

ದೊಡ್ಡ ಬಹುಮಾನದ ಕಪ್ಪಿನ ಓಟಕ್ಕೆ ಇನ್ನು ಕೆಲವೇ ದಿನ ಇದ್ದಾಗ ತಕ್ಕಡಿ ತಾತ ಮನೆಗೆ ಬಂದರು. ಜಾಕಿಗಳ ತೂಕ ನೋಡುವುದು ಅವರ ಕೆಲಸ. ಓಟಕ್ಕೆ ಮುಂಚೆ ಜಾಕಿ ತನ್ನ ಜೀನು ಹಿಡಿದು ತಕ್ಕಡಿಯ ಕಬ್ಬಿಣದ ಕುರ್ಚಿಯಲ್ಲಿ ಕೂರಬೇಕು, ಗೆದ್ದು ಬಂದ ಮೇಲೆ ಮತ್ತೆ ಕೂರಬೇಕು. ಎರಡೂ ತಾಳೆಯಾದರೆ ಮಾತ್ರ ಗೆಲುವು ಗೆಲುವಾಗುತ್ತದೆ. ಚಳಿಗಾಲದಲ್ಲಿ ಕಬ್ಬಿಣ ಕೊರೆಯುತ್ತದೆಂದು ಆ ಕುರ್ಚಿಯ ಮೇಲೆ ತಮ್ಮ ಮನೆಯ ಟವೆಲು ತಂದು ಹಾಸುತ್ತಿದ್ದ ಮುದುಕ ಅವರು.

"ಏನಮ್ಮ, ಗಂಡ ಮನೇಲಿಲ್ವಾ? ಒಳ್ಳೇದಾಯ್ತು," ಎಂದು ಕೂತರು. ಚಹಾ ಮುಟ್ಟಲಿಲ್ಲ. "ಅವನು ಹೋಗುವಾಗ ಸರಿಯಾಗೇ ಹೋಗ್ತಾನೆ. ಬರುವಾಗ ತೂಕ ಜಾಸ್ತಿ ಆಗಿ ಬರ್ತಾನೆ."

"ಕೆಸರು ಹಾರಿರುತ್ತೆ ತಾತ."

"ಸುಡುಸುಡು ಬಿಸಿಲಲ್ಲೂನಾ? ಮೊದಲು ನಾನೂ ತಮಾಷೆ ಮಾಡ್ದೆ. ಏನೋ ಚಾಂಪಿಯನ್ನು, ಮಧ್ಯದಲ್ಲಿ ಇಳಿದು ಊಟ ಮುಗಿಸ್ಕೊಂಡ್ ಬಂದ್ಯಾ ಅಂತ. ನಗಲಿಲ್ಲ ಅವನು. ತಕ್ಕಡಿ ಬದಲಾಯಿಸ್ದೆ. ಮಿಕ್ಕವರದೆಲ್ಲ ಸರಿ, ಇವನದು ಮಾತ್ರ ಸಲಸಲಕ್ಕೂ ಏರ್ತಿದೆ. ಒಂಚೂರು ಹೆಚ್ಚಿದ್ರೆ ಬಿಡ್ಬಹುದು. ಇನ್ನು ಬಿಡೋಕಾಗಲ್ಲ ತಾಯಿ."

ಅವಳು ಚಹಾ ಲೋಟವನ್ನು ಅವರ ಕಡೆ ಸರಿಸಿದಳು.

"ಅದಲ್ಲ ನಾನು ಹೇಳೋಕೆ ಬಂದಿದ್ದು. ಈ ಕಪ್ಪು ಒಂದೇ ಅವನ ಕೈಗೆ ಸಿಗದೆ ಇರೋದು. ಅವನ ಕುದುರೆ ಹೊರಬೇಕು ಅಂತ ಗೊತ್ತು ಮಾಡಿರೋ ತೂಕ ತೀರಾ ಕಡಿಮೆ, ಅದಕ್ಕೆ ಇನ್ನೂ ಇಳಿಸ್ತೀನಿ ಅಂತಿದಾನೆ. ಡಾಕ್ಟ್ರು ನನ್ನೆದುರಿಗೇ ಹೇಳಿದ್ರು. ಮೈಯಲ್ಲಿ ಇಳಿಸೋಕೆ ಏನೂ ಉಳಿದಿಲ್ಲ, ಇನ್ನೊಂದು ಸಲ ಹಾಗೆ ಬೆವರಿದ್ರೆ ಎದೆ ನಿಂತುಹೋಗುತ್ತೆ ಅಂತ. ಮನೇಲಿ ಹೇಳಿದ್ನಾ?"

"ಇಲ್ಲ," ಎಂದಳು. ಅವಳ ದನಿ ಅವಳಿಗೇ ಕೇಳಿಸಲಿಲ್ಲ.

ತಾತ ಆರಿದ ಚಹಾ ಕುಡಿದು, ಬೇಡವೆಂದರೂ ಲೋಟ ತಾವೇ ತೊಳೆದಿಟ್ಟರು. ಬಾಗಿಲಲ್ಲಿ ನಿಂತು, ಹೇಳಲೋ ಬೇಡವೋ ಎನ್ನುವಂತೆ ಹೇಳಿದರು: "ಕುದುರೆಗಳನ್ನ ನೋಡಿದೀಯಾ? ಅವನು ಇಳಿದ ಮೇಲೂ ಬೆನ್ನು ತಗ್ಗಿಸ್ಕೊಂಡೇ ನಿಂತಿರ್ತವೆ. ಇನ್ನೂ ಯಾರೋ ಇಳೀಬೇಕು ಅನ್ನೋ ಹಾಗೆ."

ಮರುದಿನ ಕುದುರೆಗಳ ಬೆಳಗಿನ ಅಭ್ಯಾಸ ನೋಡಲು ಅವಳು ರೇಸ್ ಕೋರ್ಸಿಗೆ ಹೋದಳು. ಲಾಯದವನು ತಣ್ಣಗಿದ್ದ ಕಡಿವಾಣವನ್ನು ಎರಡೂ ಅಂಗೈಗಳ ನಡುವೆ ಉಜ್ಜಿ ಬಿಸಿಮಾಡಿ ಹೆಣ್ಣುಕುದುರೆಯ ಬಾಯಿಗೆ ಇಡುತ್ತಿದ್ದ. ಗುಬ್ಬಿ ಹತ್ತಿದ. ಜೊತೆಗೆ ಅಷ್ಟೇ ಎತ್ತರದ ಇನ್ನೊಂದು ಕುದುರೆ, ಇನ್ನೊಬ್ಬ ಸವಾರ. ಎರಡೂ ಮಂಜಿನೊಳಗೆ ಹೋದವು. ದೂರದ ತಿರುವಿನಲ್ಲಿ ಗೊರಸುಗಳ ಸದ್ದು ಮಾತ್ರ ಕೇಳುತ್ತಿತ್ತು. ಕೊನೆಯ ತಿರುವಿಗೆ ಬಂದಾಗ ಒಂದು ಸದ್ದು ಬದಲಾಯಿತು. ನೆಲವನ್ನು ಕುಟ್ಟಿದಂತೆ ದಪ್ಪವಾಯಿತು.

ಅವು ಲಾಯಕ್ಕೆ ಮರಳಿದ ಮೇಲೆ ಅವಳು ಓಟದ ಹಾದಿಯ ಅಂಚಿನ ಕಟಾಂಜನದ ಕೆಳಗೆ ನುಸುಳಿ ಗುರುತುಗಳ ಪಕ್ಕದಲ್ಲಿ ನಡೆದಳು. ತಿರುವಿನವರೆಗೂ ಎರಡು ಜಾಡೂ ಒಂದೇ ಸಮ, ಆಳವೂ ಒಂದೇ. ತಿರುವಿನಲ್ಲಿ ಗಂಡನ ಕುದುರೆಯ ಹೆಜ್ಜೆ ಒಂದು ಕಡೆ ತಡವರಿಸಿತ್ತು. ಅಲ್ಲಿಂದ ಮುಂದೆ ಪ್ರತಿ ಗುರುತೂ ಅವಳ ಬೆರಳು ಮುಳುಗುವಷ್ಟು ಆಳ. ಇಬ್ಬರನ್ನು ಹೊತ್ತ ಕುದುರೆಯ ಗುರುತು. ಅವಳು ಸುತ್ತ ನೋಡಿದಳು. ಮಣ್ಣಿನ ಮೇಲೆ ಮನುಷ್ಯನ ಹೆಜ್ಜೆ ಒಂದೂ ಇರಲಿಲ್ಲ, ಅವಳದನ್ನು ಬಿಟ್ಟು.

ಓಟದ ಹಿಂದಿನ ಮಧ್ಯಾಹ್ನ ಅವಳು ಒಗೆದ ಬಟ್ಟೆ ಮಡಿಸಿಕೊಂಡು ಬಚ್ಚಲ ಮುಂದೆ ಹಾದುಹೋಗುತ್ತಿದ್ದಳು. ಬಾಗಿಲಿಗೆ ಮಸುಕು ಗಾಜು, ಹಿಂದೆ ಹಬೆ. ಒಳಗೆ ಮಣೆಯ ಮೇಲೆ ಅವನು ಬೆನ್ನು ಬಾಗಿಸಿ ಕೂತಿದ್ದ.

"ಸಾಕು ಬಾ ಗುಬ್ಬಿ. ತಾತ ಬಂದಿದ್ರು. ಎಲ್ಲ ಹೇಳಿದ್ರು."

ಬೆನ್ನು ಸ್ವಲ್ಪ ಅವಳ ಕಡೆ ತಿರುಗಿತು. ಆಗ ಅವಳಿಗೆ ಕಂಡಿತು: ಅದು ಅಗಲವಾದ ಬೆನ್ನು. ತುಂಬಿದ ಭುಜಗಳು, ದುಂಡನೆಯ ಕತ್ತು.

"ಏನು ಹೇಳಿದ್ರು?" ಗಂಡನ ದನಿ ಅವಳ ಹಿಂದಿನಿಂದ ಬಂತು.

ಅವನು ಮಲಗುವ ಕೋಣೆಯ ಬಾಗಿಲಿಗೆ ಒರಗಿ ನಿಂತಿದ್ದ, ನಿದ್ದೆಯಿಂದ ಎದ್ದ ಮುಖ. ಅವಳ ಕೈಯ ಬಟ್ಟೆಗಳು ನೆಲಕ್ಕೆ ಬಿದ್ದವು. ಅವನು ಅವಳ ಮುಖ ನೋಡಿದ, ಗಾಜು ನೋಡಿದ, ಮೆಲ್ಲಗೆ ಕೆಳಗೆ ಕೂತು ಬಟ್ಟೆ ಹೆಕ್ಕತೊಡಗಿದ.

"ನಿಂಗೂ ಕಾಣ್ತಾ? ನಂಗೆ ಮಾತ್ರ ಅನ್ಕೊಂಡಿದ್ದೆ."

"ಯಾರದು?"

"ಯಾರೂ ಅಲ್ಲ. ನಾನು ಇಷ್ಟು ವರ್ಷ ಇಳಿಸಿದ್ದೆಲ್ಲ ಎಲ್ಲಿಗೆ ಹೋಯ್ತು ಅನ್ಕೊಂಡೆ? ಮೋರಿಗಾ?" ಅವನು ನಗಲು ನೋಡಿದ. "ಇಲ್ಲಿ ಬಿಟ್ಟು ಹೋಗ್ತೀನಿ. ಕೊನೇ ತಿರುವಲ್ಲಿ ಬಂದು ಹಿಂದೆ ಹತ್ತುತ್ತೆ. ಸೊಂಟ ಹಿಡ್ಕೊಂಡು ಕೂರುತ್ತೆ, ಮಕ್ಕಳು ಹಿಡ್ಕೊಂಡ ಹಾಗೆ. ಏನೂ ಮಾಡಲ್ಲ. ನಾನು ಇಳಿಸಿದಷ್ಟೂ ಅದು ಬೆಳೆಯುತ್ತೆ, ಅಷ್ಟೆ."

"ಹಾಗಾದ್ರೆ ನೀನು ನಾಳೆ ಇಳಿಸಿ ಏನು ಪ್ರಯೋಜನ? ಗೆದ್ರೂ ತಕ್ಕಡೀಲಿ ಸೋಲ್ತೀಯ."

"ಈ ಸಲ ತಿರುವಲ್ಲಿ ಅದಕ್ಕೆ ಸಿಗದ ಹಾಗೆ ಓಡಿಸ್ತೀನಿ."

"ಎದೆ ನಿಂತುಹೋದ್ರೆ?"

ಅವನು ಕೊನೆಯ ಟವೆಲನ್ನು ಮಡಿಸಿ ಅವಳ ಕೈಗಿಟ್ಟ. "ಇದೊಂದೇ ಕಣೇ. ಇದೊಂದು ಕಪ್ಪು."

ಅವನೊಂದಿಗೆ ಮೂವತ್ತು ವರ್ಷ ಬಾಳಿದವಳಿಗೆ ಗೊತ್ತಿತ್ತು, ಆ ದನಿಗೆ ಎದುರು ಮಾತಿಲ್ಲ. ಕುದುರೆಯನ್ನು ನೀರಿನ ಹತ್ತಿರ ಕರೆದೊಯ್ಯಬಹುದು, ಕುಡಿಸಲಾಗದು. ಅವಳು ಅಳಲಿಲ್ಲ. ಆ ದುಂಡನೆಯ ಕತ್ತನ್ನೇ ನೆನೆಯುತ್ತಿದ್ದಳು. ಅದು ಗಾಜಿನ ಹಿಂದೆ ಬಾಗಿದ್ದ ರೀತಿ ಅವಳಿಗೆ ಹೆದರಿಕೆಗಿಂತ ಬೇರೇನನ್ನೋ ಹುಟ್ಟಿಸಿತ್ತು. ಊಟಕ್ಕೆ ಕರೆಯದ ಮನೆಯಲ್ಲಿ ಮೂಲೆಯಲ್ಲಿ ಕೂತ ನೆಂಟರು ಹಾಗೆ ಕೂರುತ್ತಾರೆ.

ಓಟದ ದಿನ ಬೆಳಗಾಯಿತು. ಕುದುರೆಯ ಟ್ರೇನರ್ ಕಾರು ತರುವುದಕ್ಕೆ ಮುಂಚೆ ಅವನು ಕೊನೆಯ ಸಲ ಬೆವರಿಳಿಸಬೇಕಿತ್ತು. ಮಂಚದ ಅಂಚಿನಲ್ಲಿ ಕೂತು ರಬ್ಬರ್ ಕೋಟಿನ ತೋಳಿಗೆ ಕೈ ತೂರಿಸಲು ನೋಡುತ್ತಿದ್ದ. ಕೈ ಒಳಗೇ ಹೋಗುತ್ತಿರಲಿಲ್ಲ. ತುಟಿ ಬೂದಿಯ ಬಣ್ಣಕ್ಕೆ ತಿರುಗಿತ್ತು. ಬಚ್ಚಲ ಕಡೆಯಿಂದ ಬಿಸಿನೀರು ಸುರಿಯುವ ಸದ್ದು ಬಂತು. ನಲ್ಲಿ ತಿರುಗಿಸಿದ್ದು ಅವನಲ್ಲ, ಅವಳೂ ಅಲ್ಲ.

"ಕಾಯ್ತಾ ಇದೆ," ಎಂದ ಅವನು.

ಅವಳು ಅಡುಗೆಮನೆಗೆ ಹೋದಳು. ಆಲೂಗಡ್ಡೆ ಬೇಯಿಸಿ, ಬೆಣ್ಣೆಯಲ್ಲಿ ಈರುಳ್ಳಿ ಬಾಡಿಸಿ, ಮೊಟ್ಟೆ ಒಡೆದು ಹಾಕಿದಳು. ಘಮ ಮನೆ ತುಂಬಿತು.

"ಏನು ಮಾಡ್ತಿದೀಯ?" ಅವನ ದನಿ ಒಡೆಯಿತು. "ಇವತ್ತು ಬೇಡ ಕಣೇ, ದಮ್ಮಯ್ಯ. ವಾಸನೆ ತಡೆಯೋಕಾಗಲ್ಲ."

"ನಿನಗಲ್ಲ," ಎಂದಳು.

ತಟ್ಟೆಯ ತುಂಬ ಬಡಿಸಿ, ದಪ್ಪಗೆ ಬ್ರೆಡ್ಡು ಕೊಯ್ದಿಟ್ಟು, ಮಸುಕು ಗಾಜಿನ ಬಾಗಿಲನ್ನು ಮೊಣಕೈಯಿಂದ ತಳ್ಳಿದಳು. ಹಬೆ ಮುಖಕ್ಕೆ ಹೊಡೆಯಿತು. ಒಳಗೇನೂ ಕಾಣಲಿಲ್ಲ. ಉಸಿರು ಮಾತ್ರ ಕೇಳುತ್ತಿತ್ತು, ಓಡಿ ಬಂದವರ ಉಸಿರು. ಅವಳು ತಟ್ಟೆಯನ್ನು ಮುಂದೆ ಚಾಚಿ, ತಡವಾಗಿ ಬಂದ ನೆಂಟರಿಗೆ ಹೇಳುವಂತೆ ಹೇಳಿದಳು: "ತಗೊಳ್ಳಪ್ಪ. ತುಂಬ ಹೊತ್ತು ಕಾಯಿಸಿಬಿಟ್ವಿ."

ಹಬೆಯೊಳಗಿಂದ ಎರಡು ದೊಡ್ಡ ಕೈಗಳು ಬಂದವು. ನೀರಲ್ಲಿ ಬಹಳ ಕಾಲ ನೆನೆದು ಬೆರಳ ತುದಿಗಳು ಸುಕ್ಕುಗಟ್ಟಿದ್ದವು. ಅವು ತಟ್ಟೆಯನ್ನು ಕಸಿಯಲಿಲ್ಲ. ಚೆಲ್ಲದಂತೆ, ಮೆತ್ತಗೆ, ಎರಡೂ ಕಡೆ ಹಿಡಿದು ತೆಗೆದುಕೊಂಡವು. ಅವಳು ಬಾಗಿಲನ್ನು ಪೂರ್ತಿ ಹಾಕದೆ ಬಂದಳು. ನೀರಿನ ಸದ್ದು ನಿಂತಿತು. ಚಮಚ ತಟ್ಟೆಗೆ ತಾಗುವ ಸದ್ದು ಶುರುವಾಯಿತು.

ಗಂಡ ಗೋಡೆ ಹಿಡಿದುಕೊಂಡು ಮಲಗುವ ಕೋಣೆಯಿಂದ ಬಂದು ಬಚ್ಚಲ ಹೊರಗೆ ನೆಲದ ಮೇಲೆ ಕೂತ. ಒಂದು ತೋಳಷ್ಟೇ ತೊಟ್ಟ ಕೋಟು ಹೆಗಲಿನಿಂದ ಜೋತುಬಿದ್ದಿತ್ತು. ಕಿವಿಗೊಟ್ಟು ಕೇಳಿದ. ಒಳಗೆ ನಿಧಾನವಾಗಿ, ಅವಸರವಿಲ್ಲದೆ, ಯಾರೋ ಹೊಟ್ಟೆತುಂಬ ಉಣ್ಣುತ್ತಿದ್ದರು. ಅವನ ಕಣ್ಣಿಂದ ನೀರು ಇಳಿಯಿತು. ಮೈಯಲ್ಲಿ ಅಷ್ಟಾದರೂ ನೀರು ಉಳಿದಿತ್ತಲ್ಲ ಎಂದು ಅವಳಿಗೆ ಅನ್ನಿಸಿತು.

ಹೊರಗೆ ಕಾರಿನ ಹಾರನ್. "ಚಾಂಪಿಯನ್! ಟೈಮಾಯ್ತು, ಬರ್ತೀಯಾ ಇಲ್ಲ ಎತ್ಕೊಂಡ್ ಹೋಗ್ಲಾ?" ಎಂದು ಟ್ರೇನರ್ ಗೇಟಿನಿಂದಲೇ ಕೂಗಿದ. ಅವನು ಏಳಲಿಲ್ಲ. ಹಾರನ್ ಮತ್ತೆ ಕೇಳಿತು. ಅವನು ಕೋಟಿನ ತೋಳಿನಿಂದ ಕೈ ಹೊರಗೆಳೆದು, ಅದನ್ನು ಪಕ್ಕಕ್ಕೆ ಇಟ್ಟು, ತಲೆಯೆತ್ತಿ ಅವಳನ್ನು ನೋಡಿದ. ಉಂಡರೆ ಇವತ್ತಿನ ಓಟವಿಲ್ಲ, ಬಹುಶಃ ಇನ್ನಾವ ಓಟವೂ ಇಲ್ಲ. ಅದು ಇಬ್ಬರಿಗೂ ಗೊತ್ತಿತ್ತು.

ಅವಳು ಅಡುಗೆಮನೆಗೆ ಹೋಗಿ ಬಾಣಲೆಯಲ್ಲಿ ಉಳಿದದ್ದನ್ನು ಇನ್ನೊಂದು ತಟ್ಟೆಗೆ ಬಡಿಸಿ, ಬಿಸಿಯಾಗಿದೆಯೇ ಎಂದು ಅಂಚು ಮುಟ್ಟಿ ನೋಡಿ, ತಂದು ಅವನ ಕೈಗೆ ಕೊಟ್ಟಳು.